ಸಿಟ್ಟಿಗೊಂದು ಸೀಮೆಸುಣ್ಣ

ನಾನು ಕೆಲಸ ಮಾಡುವ ಕಡೆ ನನಗೆ ಸಮಾಧಾನದ ಹೆಂಗಸು ಎಂಬ ಹೆಸರಿದೆ. ಅದು ನಾನು ಸಂಪಾದಿಸಿದ ಹೆಸರಲ್ಲ, ತಿದ್ದದೆ ಬಿಟ್ಟ ಹೆಸರು. ಶಿವಮೊಗ್ಗದ ನವುಲೆಯ ಹತ್ತಿರ ಒಂದು ಮಣ್ಣು ಪರೀಕ್ಷೆಯ ಲ್ಯಾಬಿನಲ್ಲಿ ನನ್ನ ಕೆಲಸ. ರೈತರು ಬಟ್ಟೆಯ ಚೀಲದಲ್ಲಿ ತಂದ ಮಣ್ಣನ್ನು ಒಣಗಿಸಿ, ಜರಡಿ ಹಿಡಿದು, ಅದರಲ್ಲಿ ಹುಳಿ ಎಷ್ಟು, ಸಾರ ಎಷ್ಟು ಎಂದು ನೋಡಿ ವರದಿ ಬರೆದುಕೊಡುವುದು. ಗಾಜಿನ ಕೊಳವೆಯಿಂದ ದ್ರಾವಣವನ್ನು ಹನಿಹನಿಯಾಗಿ ಬಿಡುತ್ತ, ಬಣ್ಣ ತಿರುಗುವ ಆ ಒಂದು ಹನಿಗಾಗಿ ಕಾಯುವಾಗ ನನ್ನ ಮುಖ ನೋಡಿದವರಿಗೆ ನಾನು ಶಾಂತಮೂರ್ತಿಯಂತೆ ಕಂಡರೆ ಆಶ್ಚರ್ಯವಿಲ್ಲ. ಮೊನ್ನೆ ಜೊತೆಯಲ್ಲಿ ಕೆಲಸ ಮಾಡುವ ರೇಣುಕಾ, "ಮೇಡಂ, ನಿಮ್ಗೆ ಸಿಟ್ಟು ಅನ್ನೋದೇ ಬರಲ್ವಾ? ನಿಮ್ಮ ಯಜಮಾನ್ರು ಪುಣ್ಯ ಮಾಡಿದ್ರು ಬಿಡಿ" ಎಂದಳು. ನಾನು ನಕ್ಕೆ. ಪುಣ್ಯ ಮಾಡಿದ ಆ ಯಜಮಾನರು ಅದೇ ಬೆಳಿಗ್ಗೆ ತಿಂಡಿ ಅರ್ಧಕ್ಕೆ ಬಿಟ್ಟು, ಹೆಲ್ಮೆಟ್ಟನ್ನು ಮನೆಯೊಳಗೇ ಹಾಕಿಕೊಂಡು ಹೊರಟಿದ್ದರು. ಅದು ರಸ್ತೆಯ ಭಯಕ್ಕಲ್ಲ ಎಂದು ನನಗೆ ಅನುಮಾನ.

ಹೌದು, ನನಗೆ ಸಿಟ್ಟು ಬರುತ್ತದೆ. ಹೊರಗೆ ಬರುವುದಿಲ್ಲ, ಯಾಕೆಂದರೆ ಸಿಟ್ಟು ಮಾಡಿಕೊಳ್ಳುವಷ್ಟು ಸಲಿಗೆ ನನಗೆ ಹೊರಗೆ ಯಾರಲ್ಲೂ ಇಲ್ಲ. ಇರುವುದು ಒಬ್ಬನ ಹತ್ತಿರ. ಹಾಗಾಗಿ ಊರಿಗೆಲ್ಲ ಹಂಚಿಹೋಗಬೇಕಾದದ್ದು ಪೂರ್ತಿಯಾಗಿ ನನ್ನ ಗಂಡ ಹರೀಶನೊಬ್ಬನಿಗೇ ಸಿಗುತ್ತದೆ. ನನ್ನದು ತಟ್ಟೆ ಬಿಸಾಡುವ ಸಿಟ್ಟಲ್ಲ. ಧ್ವನಿಯೂ ಏರುವುದಿಲ್ಲ. ನನ್ನ ಸಿಟ್ಟಿಗೆ ಅಡಿಟಿಪ್ಪಣಿಗಳಿರುತ್ತವೆ. "ಒದ್ದೆ ಟವೆಲ್ ಹಾಸಿಗೆ ಮೇಲೆ ಹಾಕಬೇಡ ಅಂತ ಹೇಳ್ತಿರೋದು ಇದು ಮೂರನೇ ಸಲ. ಮೊದಲನೇದು ಗೌರಿ ಹಬ್ಬದ ಹಿಂದಿನ ದಿನ. ಎರಡನೇದು ನಿಮ್ಮಕ್ಕ ಬಂದಿದ್ದ ಭಾನುವಾರ, ಅವತ್ತು ನೀನು ನೀಲಿ ಶರ್ಟ್ ಹಾಕಿದ್ದೆ." ತಟ್ಟೆ ಹಾರಿ ಬಂದರೆ ಮನುಷ್ಯ ಬಗ್ಗಿ ತಪ್ಪಿಸಿಕೊಳ್ಳಬಹುದು. ನೀಲಿ ಶರ್ಟಿನಿಂದ ತಪ್ಪಿಸಿಕೊಳ್ಳುವುದು ಹೇಗೆ?

ಇದಕ್ಕೆ ನನ್ನ ತವರನ್ನು ದೂರಬಹುದು. ಅದು ಎಲ್ಲರೂ ಮಾಡುವ ಕೆಲಸ. ನನ್ನಪ್ಪ ಸಂಸ್ಕೃತದ ಮೇಷ್ಟರು. ನಮ್ಮ ಮನೆಯಲ್ಲಿ ಯಾರೂ ಕೂಗಿದ್ದನ್ನು ನಾನು ಕೇಳಿಲ್ಲ. ಅಪ್ಪನಿಗೆ ಸಿಟ್ಟು ಬಂದರೆ ಪುಸ್ತಕದ ಹಾಳೆ ಮಗುಚುವ ಸದ್ದು ಸ್ವಲ್ಪ ಜೋರಾಗುತ್ತಿತ್ತು, ಅಷ್ಟೇ. ಅಮ್ಮ ಅಡುಗೆಮನೆಯಿಂದಲೇ ಅದನ್ನು ಕೇಳಿಸಿಕೊಂಡು ಕಾಫಿಗೆ ನೀರಿಡುತ್ತಿದ್ದಳು. ಹರೀಶನ ಮನೆ ಭದ್ರಾವತಿಯಲ್ಲಿ. ಮಾವ ಕಬ್ಬಿಣದ ಕಾರ್ಖಾನೆಯಲ್ಲಿ ಕುಲುಮೆಯ ಪಕ್ಕದಲ್ಲಿ ಬದುಕು ಕಳೆದು ನಿವೃತ್ತರಾದವರು. ಆ ಸದ್ದಿನಲ್ಲಿ ಕಿವಿ ಮಂದವಾಗಿ, ಅವರಿಗೆ ಕೇಳಿಸಲೆಂದು ಮನೆಯವರೆಲ್ಲ ಎತ್ತರದ ದನಿಯಲ್ಲಿ ಮಾತನಾಡುವುದು ರೂಢಿಯಾಗಿ, ಈಗ ಅವರಿಲ್ಲದ ಕೋಣೆಯಲ್ಲೂ ಹಾಗೇ ಮಾತನಾಡುತ್ತಾರೆ. ಮದುವೆಯಾದ ಹೊಸತರಲ್ಲಿ ಒಂದು ಬೆಳಿಗ್ಗೆ ನಾನು ಸ್ನಾನ ಮುಗಿಸಿ ಬರುವಾಗ ಒಳಗೆ ದೊಡ್ಡ ಜಗಳ ನಡೆಯುತ್ತಿತ್ತು. ನನ್ನಿಂದಲೇ ಏನೋ ಆಗಿದೆ ಎಂದು ಬಚ್ಚಲುಮನೆಯ ಬಾಗಿಲಲ್ಲೇ ನಿಂತೆ. ಕೊನೆಗೆ ತಿಳಿಯಿತು, ಚಟ್ನಿಗೆ ಇನ್ನೊಂದು ಚಿಟಿಕೆ ಉಪ್ಪು ಬೇಕೋ ಬೇಡವೋ ಎಂಬುದು ಚರ್ಚೆಯ ವಿಷಯ.

ಅಪ್ಪನನ್ನು ಕೇಳಿದರೆ ಸಿಟ್ಟಿಗೆ ಸಂಸ್ಕೃತದಲ್ಲಿ ಎಷ್ಟು ಹೆಸರುಗಳಿವೆ ಎಂದು ಊಟದ ಹೊತ್ತು ಮೀರುವವರೆಗೆ ಹೇಳುತ್ತಾರೆ. ಕನ್ನಡವೇನೂ ಬಡ ಭಾಷೆಯಲ್ಲ. ಸೆಡವು, ಮುನಿಸು, ಹುಸಿಮುನಿಸು. ಮುನಿಸಿಕೊಂಡವರಿಗೆ ಒಂದು ಅನುಕೂಲವಿದೆ, ಯಾರಾದರೂ ಬಂದು ರಮಿಸುತ್ತಾರೆ. ನನ್ನದು ರಮಿಸಿದರೆ ಇನ್ನೂ ಹೆಚ್ಚಾಗುವ ಜಾತಿ. ಪುರಾಣಗಳ ಅರಮನೆಗಳಲ್ಲಿ ಕೋಪಗೃಹ ಎಂದು ಬೇರೆ ಕೋಣೆಯೇ ಇರುತ್ತಿತ್ತಂತೆ. ರಾಣಿಗೆ ಸಿಟ್ಟು ಬಂದರೆ ಒಡವೆ ಕಳಚಿ ಅಲ್ಲಿ ಹೋಗಿ ಮಲಗುವುದು. ಎಂಥ ನಾಗರಿಕ ವ್ಯವಸ್ಥೆ! ವಿನೋಬನಗರದ ಬಾಡಿಗೆ ಮನೆಯಲ್ಲಿ ನಮಗಿರುವುದು ಎರಡು ಕೋಣೆ. ಒಂದರಲ್ಲಿ ಮಂಚ, ಇನ್ನೊಂದರಲ್ಲಿ ವಾಷಿಂಗ್ ಮೆಷಿನ್. ಮೆಷಿನ್ ಓಡುವಾಗ ಆ ಕೋಣೆಯಲ್ಲಿ ಗಂಭೀರವಾಗಿ ಸಿಟ್ಟು ಮಾಡಿಕೊಂಡಿರಲು ಸಾಧ್ಯವಿಲ್ಲ. ಪ್ರಯತ್ನಿಸಿದ್ದೇನೆ.

ಇನ್ನೂ ಹಲವು ಪ್ರಯತ್ನಗಳಾದವು. ಒಂದರಿಂದ ಹತ್ತು ಎಣಿಸುವುದು ನನಗೆ ಸಾಲಲಿಲ್ಲ. ಅವಿಭಾಜ್ಯ ಸಂಖ್ಯೆಗಳನ್ನು ಎಣಿಸತೊಡಗಿದೆ. ಎಪ್ಪತ್ತೊಂಬತ್ತಕ್ಕೆ ಬರುವಷ್ಟರಲ್ಲಿ ಹರೀಶ ಸ್ನಾನಕ್ಕೆ ಹೋಗಿಬಿಟ್ಟಿದ್ದ, ನನ್ನ ಸಿಟ್ಟು ಬಾಗಿಲ ಹೊರಗೆ ಕಾಯುತ್ತ ನಿಂತಿತ್ತು. ಫೋನಿನಲ್ಲಿ ಉಸಿರಾಟದ ಆ್ಯಪ್ ಹಾಕಿಕೊಂಡೆ. ಅದರಲ್ಲಿ ಒಬ್ಬ ಹೆಂಗಸು ಜೇನಿನಂಥ ದನಿಯಲ್ಲಿ ಎಲ್ಲವನ್ನೂ ಬಿಟ್ಟುಬಿಡಿ ಎನ್ನುತ್ತಾಳೆ. ಅವಳು ಹೇಳಿದಂತೆ ದೀರ್ಘವಾಗಿ ಉಸಿರೆಳೆದುಕೊಂಡಾಗ ಮೂಗಿಗೆ ಬಂದದ್ದು ಸೀದ ಹಾಲಿನ ವಾಸನೆ. ನೋಡಿಕೊಳ್ಳಲು ಹೇಳಿದ್ದು ಯಾರಿಗೆಂದು ನೀವು ಊಹಿಸಬಲ್ಲಿರಿ. ಆ ಸಂಜೆ ಅವಳನ್ನೇ ಬಿಟ್ಟುಬಿಟ್ಟೆ.

ಇಲ್ಲಿಯವರೆಗೆ ಇದೆಲ್ಲ ತಮಾಷೆಯೇ ಆಗಿತ್ತು. ತಮಾಷೆಯಲ್ಲ ಎಂದು ಗೊತ್ತಾದದ್ದು ಭದ್ರಾವತಿಯಲ್ಲಿ, ಒಂದು ಭಾನುವಾರ, ಮಧ್ಯಾಹ್ನದ ಊಟಕ್ಕೆ ಕುಳಿತಾಗ. ಅತ್ತೆ ಹರೀಶನಿಗೆ ಬಡಿಸುತ್ತ, "ಕಾಲು ಹೆಂಗಿದ್ಯೋ ಈಗ? ಬೊಬ್ಬೆ ಒಣಗ್ತಾ?" ಎಂದು ಕೇಳಿದರು. ಹರೀಶ ಅನ್ನ ಕಲಸುವುದನ್ನು ನಿಲ್ಲಿಸಿದ. ಅತ್ತೆ ನನ್ನ ಮುಖ ನೋಡಿದರು. ಆಮೇಲೆ ಜೀವನದಲ್ಲಿ ಮೊದಲ ಸಲ ಮೆಲ್ಲಗೆ, "ಉಪ್ಪಿನಕಾಯಿ ಹಾಕ್ಲೇನಮ್ಮಾ?" ಎಂದರು.

ಹರೀಶ ಮಾಚೇನಹಳ್ಳಿಯ ಒಂದು ಸಣ್ಣ ಫೌಂಡ್ರಿಯಲ್ಲಿ ಮೇಲ್ವಿಚಾರಕ. ಹತ್ತು ದಿನದ ಹಿಂದೆ ಎರಕ ಹೊಯ್ಯುವಾಗ ಕರಗಿದ ಕಬ್ಬಿಣದ ಒಂದು ಕಿಡಿ ಅವನ ಶೂ ಒಳಗೆ ಬಿದ್ದಿತ್ತು. ಗಾಯ ದೊಡ್ಡದಲ್ಲ. ಆದರೆ ಕಾಲಿಗೆ ಕಟ್ಟಿಕೊಳ್ಳಬೇಕಾದ ಚರ್ಮದ ಗಾರ್ಡನ್ನು ಅವನು ಅವತ್ತು ಕಟ್ಟಿಕೊಂಡಿರಲಿಲ್ಲ. ಅಮ್ಮನಿಗೆ ಫೋನಿನಲ್ಲಿ ಹೇಳಿದ್ದ. ಒಂದೇ ಮನೆಯಲ್ಲಿರುವ ನನಗೆ ಹೊಸ ಶೂ ಕಚ್ಚುತ್ತಿದೆ ಎಂದಿದ್ದ. ಮಣ್ಣಿನಲ್ಲಿ ಕಣ್ಣಿಗೆ ಕಾಣದ್ದನ್ನೆಲ್ಲ ಹುಡುಕಿ ತೆಗೆಯುವ ನಾನು ಹತ್ತು ದಿನ ಅದನ್ನು ನಂಬಿದ್ದೆ.

ವಾಪಸು ಬರುವಾಗ ನಾನು ಬೈಕಿನ ಹಿಂದೆ ಕುಳಿತು ಅವನ ಶೂ ನೋಡುತ್ತಿದ್ದೆ. ಮಾಚೇನಹಳ್ಳಿ ದಾಟುವ ಮೊದಲು ಅವನೇ ಒಂದು ಟೀ ಅಂಗಡಿಯ ಪಕ್ಕ ಬೈಕು ನಿಲ್ಲಿಸಿದ.

"ನನಗೆ ಯಾಕೆ ಹೇಳ್ಲಿಲ್ಲ?" ಎಂದು ಕೇಳಿದೆ.

"ಹೇಳಿದ್ರೆ ಎರಡು ಸಲ ಸುಟ್ಕೊಂಡಂಗೆ ಆಗ್ತಿತ್ತು ಮಾರಾಯ್ತಿ" ಎಂದು ನಕ್ಕ.

ಅವನು ತಮಾಷೆಗೇ ಹೇಳಿದ್ದು. ನಾನೂ ನಗಬೇಕಿತ್ತು. ಆದರೆ ಟೀ ಲೋಟವನ್ನು ಬೆಂಚಿನ ಮೇಲಿಟ್ಟೆ. ಗಂಡ ಹೆಂಡತಿಗೆ ಹೆದರುವುದು ನಗೆಯ ವಿಷಯ ಎಂದು ನಾವೆಲ್ಲ ಒಪ್ಪಿಕೊಂಡಿದ್ದೇವೆ. ಮದುವೆ ಮನೆಗಳಲ್ಲಿ ಅರ್ಧ ಮಾತುಕತೆ ಅದರಿಂದಲೇ ನಡೆಯುತ್ತದೆ. ಹೆದರಿದವನು ಏನು ಮಾಡುತ್ತಾನೆ ಎಂದು ನಾನು ಅಲ್ಲಿಯವರೆಗೆ ಯೋಚಿಸಿರಲಿಲ್ಲ. ಅವನು ಸುದ್ದಿಯನ್ನು ಜರಡಿ ಹಿಡಿಯುತ್ತಾನೆ. ದಪ್ಪ ಕಾಳು ಇನ್ನೊಬ್ಬರಿಗೆ ಹೋಗುತ್ತದೆ, ನುಣ್ಣನೆಯ ಪುಡಿ ಮನೆಗೆ ಬರುತ್ತದೆ. ಹೀಗೇ ಹತ್ತು ವರ್ಷ ಕಳೆದರೆ ನಮ್ಮ ಮನೆಯಲ್ಲಿ ಜಗಳವೇ ಇರುವುದಿಲ್ಲ, ಮತ್ತು ನನ್ನ ಗಂಡನ ಬಗ್ಗೆ ನನಗೆ ಏನೂ ಗೊತ್ತಿರುವುದಿಲ್ಲ. ಅವನ ಕಷ್ಟ ಮೊದಲು ನನ್ನ ಕಿವಿಗೆ ಬೀಳಬೇಕು. ನನಗೆ ಬೇಕಾದದ್ದು ಇಷ್ಟೇ ಎಂದು ಆ ಟೀ ಅಂಗಡಿಯ ಬೆಂಚಿನ ಮೇಲೆ ಗೊತ್ತಾಯಿತು.

ಸೀಮೆಸುಣ್ಣ ಬಂದದ್ದು ಆಮೇಲೆ. ಆಯುಧ ಪೂಜೆಯ ದಿನ ಹರೀಶ ನನ್ನನ್ನು ಫೌಂಡ್ರಿಗೆ ಕರೆದುಕೊಂಡು ಹೋಗಿದ್ದ. ಅಲ್ಲಿ ಮರಳಿನ ಅಚ್ಚುಗಳನ್ನು ಕೂರಿಸುವ ಕಬ್ಬಿಣದ ಪೆಟ್ಟಿಗೆಗಳ ಮೇಲೆಲ್ಲ ಸೀಮೆಸುಣ್ಣದಲ್ಲಿ ಬರೆದಿತ್ತು: ಎರಕದ ತೂಕ ಇಷ್ಟು, ಹೊಯ್ದದ್ದು ಇಷ್ಟು ಹೊತ್ತಿಗೆ, ತೆರೆಯುವುದು ಇಷ್ಟು ಹೊತ್ತಿಗೆ. ತೂಕ ಹೆಚ್ಚಿದಷ್ಟೂ ಕಾಯಬೇಕು. ಅವಸರಪಟ್ಟು ಅಚ್ಚು ಒಡೆದರೆ ಎರಕ ಬಿರುಕು ಬಿಡುತ್ತದೆ. ಇದು ನೆನಪಾದದ್ದೇ ನನಗೆ ಪರಿಹಾರ ಸಿಕ್ಕಿತು ಎನ್ನಿಸಿತು. ಅಡುಗೆಮನೆಯ ಬಾಗಿಲ ಒಳಮೈಯ ಮೇಲೆ ಸೀಮೆಸುಣ್ಣದಲ್ಲಿ ನನ್ನ ಸಿಟ್ಟಿನ ತೂಕ ಬರೆಯುವುದು. ಕೆ.ಜಿ.ಗೆ ಹತ್ತು ನಿಮಿಷ. ಆ ಹೊತ್ತು ಮುಗಿಯುವವರೆಗೆ ಆ ವಿಷಯ ಎತ್ತುವಂತಿಲ್ಲ. ಹರೀಶ ನಿಯಮಗಳನ್ನೆಲ್ಲ ಗಂಭೀರವಾಗಿ ಕೇಳಿಸಿಕೊಂಡು, "ಐಎಸ್‌ಐ ಮಾರ್ಕ್ ಹಾಕಿಸ್ಬೇಕಾ?" ಎಂದ.

ಒದ್ದೆ ಟವೆಲ್ಲು ಎರಡು ಕೆ.ಜಿ. ಅದು ಸುಸೂತ್ರವಾಗಿ ನಡೆಯಿತು. ಮುಂದಿನ ವಾರ ಅವನು ಹೇಳದೆ ಕೇಳದೆ ಐದು ಜನ ಗೆಳೆಯರನ್ನು ಸಂಜೆ ತಿಂಡಿಗೆ ಕರೆದುಕೊಂಡು ಬಂದ. ಅವರು ಹೋದ ಮೇಲೆ ಬಾಗಿಲ ಹಿಂದೆ ನೋಡಿದರೆ ಅವನೇ ಬರೆದಿಟ್ಟಿದ್ದ: ಆರು ಕೆ.ಜಿ.

"ಆರಾ? ಐದು ಜನಕ್ಕೆ ಆರಾ? ಹನ್ನೆರಡಕ್ಕೆ ಒಂದು ಗ್ರಾಮ್ ಕಮ್ಮಿ ಇಲ್ಲ."

"ಹನ್ನೆರಡು ಕೆ.ಜಿ. ಅಂದ್ರೆ ಏನು ಗೊತ್ತಾ ನಿನಗೆ? ಪಂಪಿನ ಬಾಡಿ! ಇದು ಒಂದು ಬ್ರಾಕೆಟ್ಟು ಅಷ್ಟೇ."

ತೂಕದ ಬಗ್ಗೆ ಎದ್ದ ಜಗಳಕ್ಕೆ ಬೇರೆಯೇ ಒಂದು ಸಾಲು ಬರೆಯಬೇಕಾಯಿತು. ಕೊನೆಗೆ ಹನ್ನೆರಡೇ ಎಂದಾಯಿತು. ಏಳೂವರೆಗೆ ಹೊಯ್ದದ್ದು, ಒಂಬತ್ತೂವರೆಗೆ ತೆರೆಯುವುದು. ಆ ಎರಡು ಗಂಟೆ ನಾನು ಮಾದರಿ ಹೆಂಡತಿಯಂತೆ ಸುಮ್ಮನಿದ್ದೆ. ಪಾತ್ರೆ ತೊಳೆಯದೆ, ಬಟ್ಟೆ ಮಡಚದೆ, ಕೈಕಟ್ಟಿ ಕುಳಿತು, ಇದೇ ಬಗೆಯ ಹಿಂದಿನ ಪ್ರಸಂಗಗಳನ್ನೆಲ್ಲ ಒಂದೊಂದಾಗಿ ನೆನಪಿಗೆ ತಂದುಕೊಂಡೆ. ಒಂಬತ್ತೂವರೆಗೆ ಸರಿಯಾಗಿ ಅಚ್ಚು ತೆರೆದಾಗ ಏಳೂವರೆಯಲ್ಲಿದ್ದ ಮೂರು ಮಾತು ಹದಿನೇಳಾಗಿ ಹೊರಬಂದವು, ಅಡಿಟಿಪ್ಪಣಿಗಳ ಸಮೇತ. ಹರೀಶ ಪೂರ್ತಿ ಕೇಳಿಸಿಕೊಂಡು, "ಇದು ಅಚ್ಚಲ್ಲ ಮಾರಾಯ್ತಿ, ಕುಲುಮೆ. ಒಳಗೆ ಕೂತು ನೀನು ಇದ್ದಲು ಹಾಕ್ತಾ ಇದೀಯ" ಎಂದ.

ಅವನು ಹೇಳಿದ್ದು ನಿಜವಾಗಿತ್ತು. ಆದರೆ ನಾನು ಶುರು ಮಾಡಿದ ಪ್ರಯೋಗವನ್ನು ಅಷ್ಟು ಸುಲಭಕ್ಕೆ ಕೈಬಿಡುವವಳಲ್ಲ. ಕೆ.ಜಿ.ಗೆ ಹತ್ತು ನಿಮಿಷ ಸಾಲದೇನೋ ಎಂದು ಹದಿನೈದು ಮಾಡಿದೆ. ಪರಿಣಾಮ ನೀವೇ ಲೆಕ್ಕ ಹಾಕಿಕೊಳ್ಳಿ.

ಹೀಗಿರುವಾಗ ಅತ್ತೆ ಎರಡು ದಿನಕ್ಕೆಂದು ನಮ್ಮಲ್ಲಿಗೆ ಬಂದರು. ಬಂದವರೇ ಅಡುಗೆಮನೆಯ ಬಾಗಿಲು ಹಾಕಿ ನೋಡಿ, "ಇದೇನೋ ಇದು? ಹನ್ನೆರಡು ಕೆ.ಜಿ., ಏಳೂವರೆ? ಅಕ್ಕಿ ಗಾಡಿ ಬರುತ್ತಾ?" ಎಂದರು. ಹರೀಶ ಇದ್ದದ್ದನ್ನು ಇದ್ದ ಹಾಗೆ ಹೇಳಿದ, ಭದ್ರಾವತಿಯ ದನಿಯಲ್ಲಿ. ಎದುರು ಮನೆಯ ಕಿಟಕಿ ತೆರೆದಿತ್ತು. ಭೂಮಿ ಬಾಯಿ ಬಿಡಬಾರದೇ ಎನ್ನಿಸಿತು ನನಗೆ.

ಅತ್ತೆ ನಗಲಿಲ್ಲ. ರಾತ್ರಿ ಊಟಕ್ಕೆ ಬಡಿಸುವಾಗ ಸೆರಗಿನಿಂದ ಕೈ ಒರೆಸಿಕೊಂಡು ಹೇಳಿದರು: "ನಿಮ್ಮ ಮಾವಂಗೆ ಬೈಯೋಕೆ ಶುರು ಮಾಡಿ ಎಷ್ಟು ವರ್ಷ ಆಯ್ತೋ ನಂಗೇ ಗೊತ್ತಿಲ್ಲ ಕಣಮ್ಮಾ. ಒಂದು ದಿನಾನೂ ಕಾದ್ಕೊಂಡು ಕೂತು ಬೈದಿಲ್ಲ. ಅನ್ನ ಬಡಿಸ್ತಾ ಬೈದಿದೀನಿ, ತಲೆಗೆ ಎಣ್ಣೆ ಹಚ್ತಾ ಬೈದಿದೀನಿ. ಬಾಯಿ ಅದರ ಪಾಡಿಗೆ ಅದು, ಕೈ ಅದರ ಪಾಡಿಗೆ ಅದು. ಬಡಿಸೋ ಕೈ ನಿಂತು ಹೋದ್ರೆ ಗಂಡಸ್ರಿಗೆ ಭಯ ಆಗುತ್ತೆ. ಬೈಗುಳಕ್ಕೆ ಯಾರು ಹೆದರ್ತಾರೆ?"

"ನಾನು ಹೆದರ್ತೀನಮ್ಮಾ" ಎಂದ ಹರೀಶ.

"ನೀನು ಸುಮ್ನಿರೋ. ಗಾರ್ಡ್ ಕಟ್ಕೊಳ್ದೆ ಕುಲುಮೆ ಹತ್ರ ನಿಲ್ಲೋಕೆ ಹೆದರ್ಲಿಲ್ಲ" ಎಂದು ಅತ್ತೆ ಅವನ ತಟ್ಟೆಗೆ ಇನ್ನೊಂದು ಸೌಟು ಹುಳಿ ಹಾಕಿದರು.

ನಾನು ನನ್ನ ಕೈಗಳನ್ನು ನೋಡಿಕೊಂಡೆ. ಸಿಟ್ಟು ಬಂದಾಗ ಅವು ಮೊದಲು ನಿಲ್ಲುತ್ತವೆ. ಅದನ್ನೇ ನಾನು ಸಂಯಮ ಎಂದುಕೊಂಡಿದ್ದೆ. ನಮ್ಮ ತವರಿನಲ್ಲಿ ಅದಕ್ಕೆ ಬೆಲೆಯೂ ಇತ್ತು. ಎದುರಿಗೆ ಕುಳಿತವನಿಗೆ ಅದು ಹೇಗೆ ಕಾಣುತ್ತದೆ ಎಂದು ಕೇಳಿದ್ದೇ ಇಲ್ಲ. ಅತ್ತೆಯ ಮಾತನ್ನು ಮಾತ್ರ ನಾನು ಪೂರ್ತಿ ಒಪ್ಪಲಿಲ್ಲ. ಬೈಯುತ್ತ ತಲೆಗೆ ಎಣ್ಣೆ ಹಚ್ಚಲು ನನ್ನಿಂದ ಈ ಜನ್ಮದಲ್ಲಿ ಆಗದು.

ಪರೀಕ್ಷೆ ಬಂದದ್ದು ಏಪ್ರಿಲಿನಲ್ಲಿ. ಭದ್ರಾವತಿಯ ಹೊರಗೆ ಕಾಲುವೆಯ ಪಕ್ಕ ಗದ್ದೆ ಮಾಡುವ ನಾಗರಾಜಣ್ಣ ಅತ್ತೆಗೆ ಪರಿಚಯದವರು. ತಮ್ಮ ಐದು ಗದ್ದೆಗಳ ಮಣ್ಣು ಪರೀಕ್ಷೆಯಾಗಬೇಕು ಎಂದು ಕೇಳಿದ್ದರು. ನಾನು ಹೇಳಿಕೊಟ್ಟ ಹಾಗೇ ಅಗೆದು, ಒಣಗಿಸಿ, ಐದು ಬಟ್ಟೆ ಚೀಲಗಳಲ್ಲಿ ತುಂಬಿ, ಯಾವ ಗದ್ದೆಯದೆಂದು ಒಂದೊಂದರ ಒಳಗೂ ಚೀಟಿ ಇಟ್ಟಿದ್ದರು. ಕೆಲಸ ಮುಗಿಸಿ ಹರೀಶ ಅತ್ತ ಹೋಗಿ ಅವನ್ನು ತರುವುದೆಂದಾಗಿತ್ತು.

ಸಂಜೆ ನಾನು ಅಕ್ಕಿ ರೊಟ್ಟಿ ತಟ್ಟುತ್ತಿದ್ದೆ. ಹರೀಶ ಬಂದು ಐದು ಚೀಲಗಳನ್ನು ಅಡುಗೆಮನೆಯ ಹೊಸ್ತಿಲ ಆಚೆ ಸಾಲಾಗಿ ಇಟ್ಟ. ಅಷ್ಟು ಅಚ್ಚುಕಟ್ಟಾಗಿ ಅವನು ಯಾವುದನ್ನೂ ಇಟ್ಟವನಲ್ಲ.

"ಒಂದು ವಿಷಯ. ನಿನಗೇ ಮೊದಲು ಹೇಳ್ತಿರೋದು, ಅಮ್ಮಂಗೂ ಗೊತ್ತಿಲ್ಲ" ಎಂದ. "ಬರ್ತಾ ಹಂಪ್ಸ್ ಹತ್ರ ಬೈಕು ಎಗರ್ತು. ಚೀಲ ಎಲ್ಲ ಬಿದ್ದು, ಮಣ್ಣೂ ಚೀಟೀನೂ ರಸ್ತೆಗೆ ಬಂತು. ಬಾಚಿ ತುಂಬಿದೀನಿ. ಯಾವುದು ಯಾವುದರದ್ದು ಅಂತ ಬಣ್ಣ ನೋಡ್ಕೊಂಡು ಅಂದಾಜಲ್ಲಿ ಚೀಟಿ ಹಾಕಿದೀನಿ."

"ಹೇಳ್ದೇ ಇದ್ದಿದ್ರೆ?"

"ನಿನಗೆ ಗೊತ್ತಾಗ್ತಿರ್ಲಿಲ್ಲ. ದಾರಿ ಪೂರ್ತಿ ಅದನ್ನೇ ಯೋಚನೆ ಮಾಡ್ಕೊಂಡು ಬಂದೆ."

ನಿಜ, ಗೊತ್ತಾಗುತ್ತಿರಲಿಲ್ಲ. ನಾನು ಆ ಮಣ್ಣನ್ನು ದಶಮಾಂಶದ ಎರಡನೇ ಸ್ಥಾನದವರೆಗೆ ಅಳೆದು, ಸಹಿ ಹಾಕಿ ಕೊಡುತ್ತಿದ್ದೆ. ನಾಗರಾಜಣ್ಣ ನನ್ನ ಸಹಿ ನಂಬಿ ಒಂದು ಗದ್ದೆಗೆ ಹಾಕಬೇಕಾದ ಸುಣ್ಣವನ್ನು ಇನ್ನೊಂದಕ್ಕೆ ಹಾಕುತ್ತಿದ್ದರು. ನನ್ನ ಅಷ್ಟೂ ನಿಖರತೆ, ಈ ಮನುಷ್ಯನಿಗೆ ಹೊಸ್ತಿಲಲ್ಲಿ ನಿಂತು ಬಾಯಿ ತೆರೆಯುವ ಧೈರ್ಯ ಇದೆಯೋ ಇಲ್ಲವೋ ಎಂಬುದರ ಮೇಲೆ ನಿಂತಿತ್ತು.

ಇಷ್ಟೆಲ್ಲ ವಿವೇಕ ಹೊಳೆದದ್ದು ಆಮೇಲೆ. ಆ ಕ್ಷಣಕ್ಕೆ ಬಂದದ್ದು ಸಿಟ್ಟು. ಇಪ್ಪತ್ತು ಕೆ.ಜಿ.ಗೆ ಕಡಿಮೆಯಿಲ್ಲ. ಕೈ ನಿಂತಿತು. ಕಾವಲಿಯ ಮೇಲೆ ರೊಟ್ಟಿ ಹೊಗೆಯಾಡತೊಡಗಿತು. ಹರೀಶ ರೊಟ್ಟಿಯನ್ನು ನೋಡಲಿಲ್ಲ, ನನ್ನ ಕೈಯನ್ನು ನೋಡಿದ. ನಾನು ಕಷ್ಟಪಟ್ಟು ಕೈ ಚಾಚಿ ರೊಟ್ಟಿ ಮಗುಚಿದೆ. ಮಗುಚಿದ ಮೇಲೆ ಬಾಯಿ ಬಿಟ್ಟೆ. ಚೀಲದ ಬಾಯಿ ಕಟ್ಟುವ ಗಂಟಿನಿಂದ ಶುರುವಾಗಿ, ಬೈಕಿನ ಹಿಂದೆ ಸಾಮಾನು ಕಟ್ಟುವ ಅವನ ಪದ್ಧತಿ, ಹೋದ ವರ್ಷ ಹೀಗೇ ಒಡೆದ ಗಾಜಿನ ಭರಣಿ, ಅದರ ತಿಂಗಳು, ವಾರ, ಎಲ್ಲ ಹೇಳಿದೆ. ಬಾಯಿ ಹೇಳುತ್ತಿತ್ತು, ಕೈ ಅವನ ತಟ್ಟೆಗೆ ರೊಟ್ಟಿ ಹಾಕುತ್ತಿತ್ತು. ಅವನು ತಲೆ ತಗ್ಗಿಸಿ ತಿನ್ನುತ್ತಿದ್ದ. ಐದನೇ ರೊಟ್ಟಿಯ ಹೊತ್ತಿಗೆ ನನ್ನ ಹತ್ತಿರ ಹೇಳಲು ಏನೂ ಉಳಿದಿರಲಿಲ್ಲ, ಹಿಟ್ಟು ಇನ್ನೂ ಇತ್ತು. ಬಾಗಿಲ ಹಿಂದೆ ಬರೆಯುವುದು ನೆನಪೇ ಆಗಿರಲಿಲ್ಲ. ಒಟ್ಟು ಇಪ್ಪತ್ತು ನಿಮಿಷ ಆಗಿರಬಹುದು.

"ಭಾನುವಾರ ನಾನೇ ಹೋಗಿ ಅಗೀತೀನಿ" ಎಂದ ಹರೀಶ. "ಇನ್ನೊಂದು ರೊಟ್ಟಿ ಇದ್ಯಾ?"

ಭಾನುವಾರ ಇಬ್ಬರೂ ಹೋದೆವು. ನಾಗರಾಜಣ್ಣ ವಿಷಯ ಕೇಳಿ ಹೊಟ್ಟೆ ಹಿಡಿದು ನಕ್ಕು, ಒಂದು ಹಾರೆ, ಒಂದು ಬುಟ್ಟಿ ಕೊಟ್ಟು ತಮ್ಮ ಕೆಲಸಕ್ಕೆ ಹೋದರು. ಒಂದೊಂದು ಗದ್ದೆಯಲ್ಲೂ ಎಂಟು ಕಡೆ ಅಗೆಯಬೇಕು. ಒಂದು ಗೇಣು ಆಳ, ಗೋಡೆ ಓರೆಯಾಗಿ ಇರಬೇಕು, ಬದುವಿನ ಪಕ್ಕ ಕೂಡದು, ಗೊಬ್ಬರ ಸುರಿದ ಜಾಗ ಕೂಡದು. ನಾನು ಜಾಗ ತೋರಿಸುತ್ತಿದ್ದೆ, ಅವನು ಅಗೆಯುತ್ತಿದ್ದ. ಗುಂಡಿ ಸರಿಯಿಲ್ಲದಲ್ಲಿ ನಾನು ಬೈದೆ. ಅವನು ಎದುರು ಮಾತನಾಡಿದ. ಕಾಲುವೆಯ ಏರಿಯ ಮೇಲೆ ಹೋಗುತ್ತಿದ್ದವರು ಯಾರೋ ನಿಂತು ನೋಡಿದರು. ನನಗೆ ಎಂದಿನಷ್ಟು ನಾಚಿಕೆಯಾಗಲಿಲ್ಲ.

ಮೂರನೇ ಗದ್ದೆಯಲ್ಲಿ ಹರೀಶ ಹಾರೆ ಊರಿ ನಿಂತು, ಬೆವರು ಒರೆಸಿಕೊಳ್ಳುತ್ತ, "ಇನ್ನೂ ಸಿಟ್ಟು ಇದ್ಯಾ?" ಎಂದು ಕೇಳಿದ.

ನಾನು ಪ್ರಾಮಾಣಿಕವಾಗಿ ನೋಡಿಕೊಂಡೆ. "ಸ್ವಲ್ಪ ಇದೆ."

"ಹಾಗಾದ್ರೆ ಇದನ್ನೂ ಈಗ್ಲೇ ಹೇಳಿಬಿಡ್ತೀನಿ" ಎಂದ. "ಟೆರೇಸ್ ಮೇಲೆ ನೀನು ಒಣ ಹಾಕಿದ್ದ ಹಪ್ಪಳ ಇದ್ಯಲ್ಲ, ತೆಗೆದಿಡ್ತೀನಿ ಅಂದಿದ್ನಲ್ಲ..."

ನಾನು ಆಕಾಶ ನೋಡಿದೆ. ಶಿವಮೊಗ್ಗದ ಕಡೆ ಮೋಡ ಕಪ್ಪಗೆ ಕಟ್ಟಿಕೊಂಡಿತ್ತು. ಅಲ್ಲಿ ಆಗಲೇ ನಾಲ್ಕು ಹನಿ ಬಿದ್ದಿರಲೂಬಹುದು. ಯಾರೂ ಕೇಳದೆ, ಯಾರೂ ಹಿಡಿಯದೆ, ಕೈಯಲ್ಲಿ ಹಾರೆ ಹಿಡಿದು, ತಾನಾಗಿ ಎರಡನೇ ತಪ್ಪನ್ನೂ ತಂದು ನನ್ನ ಮುಂದಿಟ್ಟ ಗಂಡನನ್ನು ನೋಡಿದೆ. ಒಳಗೆಲ್ಲೋ ಬಹಳ ದಿನದ ಮೇಲೆ ತಂಪಾದ ಹಾಗಾಯಿತು. ಅದನ್ನು ಅವನಿಗೆ ಹೇಳಲು ಹೋಗಲಿಲ್ಲ. ಚೀಲದ ಬಾಯಿ ಅಗಲಿಸಿ ಹಿಡಿದುಕೊಂಡು, ಮುಂದಿನ ಗುಂಡಿಯ ಜಾಗ ತೋರಿಸಿ, ಹಪ್ಪಳದ ಬಗ್ಗೆ ಮೊದಲಿನಿಂದ ಶುರು ಮಾಡಿದೆ.